ರೇಡಿಯಂ ಇಲ್ಲದ ರೇಡಿಯಂ ಅಂಗಡಿ: ಗಡಿಯಾರದ ಮುಳ್ಳಿನಿಂದ ಕಬ್ಬಿನ ಟ್ರೇಲರ್‌ವರೆಗೆ

ಮುಧೋಳ, ಜಮಖಂಡಿ, ಗೋಕಾಕ, ಅಥಣಿ, ಯಾವ ಊರಿನ ಬಸ್ ಸ್ಟ್ಯಾಂಡಿನ ಆಸುಪಾಸು ನೋಡಿದರೂ ‘ರೇಡಿಯಂ’ ಎಂಬ ಬೋರ್ಡು ಇದ್ದೇ ಇರುತ್ತದೆ. ರೇಡಿಯಂ ಆರ್ಟ್ಸ್, ರೇಡಿಯಂ ಕಟಿಂಗ್, ರೇಡಿಯಂ ವರ್ಕ್ಸ್. ಬೈಕಿನ ಟ್ಯಾಂಕಿನ ಮೇಲಿನ ಸಂಗೊಳ್ಳಿ ರಾಯಣ್ಣ, ಟ್ರ್ಯಾಕ್ಟರ್ ಮಡ್‌ಗಾರ್ಡಿನ ಮೇಲಿನ ‘ಅವ್ವ ಅಪ್ಪನ ಆಶೀರ್ವಾದ’, ಟಂಟಂ ಗಾಜಿನ ಮೇಲಿನ ಬನಶಂಕರಿ ಎಲ್ಲವೂ ‘ರೇಡಿಯಂ ಹಚ್ಚಿಸಿದ್ದು’. ಆದರೆ ಈ ಅಂಗಡಿಗಳಲ್ಲಿ ಸಾಸಿವೆ ಕಾಳಿನಷ್ಟೂ ರೇಡಿಯಂ ಇಲ್ಲ.

ಹೆಸರು ಒಂದು, ವಸ್ತು ಇನ್ನೊಂದು ಆದದ್ದರಿಂದ ಎರಡು ತಪ್ಪು ತಿಳಿವಳಿಕೆ ಒಟ್ಟಿಗೇ ಓಡಾಡುತ್ತಿವೆ. ರೇಡಿಯಂ ಎಂದರೆ ವಿಷ, ಸ್ಟಿಕ್ಕರ್ ಮುಟ್ಟಿದರೂ ಕ್ಯಾನ್ಸರ್ ಬರುತ್ತದೆ ಎಂಬುದು ಒಂದು. ರೇಡಿಯಂ ಕತ್ತಲೆಯಲ್ಲಿ ತಾನೇ ಹೊಳೆಯುತ್ತದೆ, ಅದಿದ್ದರೆ ಹಿಂದಿನ ದೀಪ ಕೆಟ್ಟಿದ್ದರೂ ನಡೆಯುತ್ತದೆ ಎಂಬುದು ಇನ್ನೊಂದು. ಮೊದಲನೆಯದು ಸುಮ್ಮನೆ ಹೆದರಿಕೆ. ಎರಡನೆಯದು ರಾತ್ರಿ ರಸ್ತೆಯಲ್ಲಿ ಜೀವಕ್ಕೆ ಎರವಾಗುವಂಥದ್ದು. ಇದು ಹೀಗಾದದ್ದು ಹೇಗೆ ಎಂದು ತಿಳಿಯಲು ನೂರಿಪ್ಪತ್ತೈದು ವರ್ಷ ಹಿಂದಕ್ಕೆ ಹೋಗಬೇಕು.

1898ರ ಡಿಸೆಂಬರ್ 26ರಂದು ಮೇರಿ ಮತ್ತು ಪಿಯರ್ ಕ್ಯೂರಿ ಪ್ಯಾರಿಸ್‌ನಲ್ಲಿ ರೇಡಿಯಂ ಎಂಬ ಹೊಸ ಮೂಲವಸ್ತುವನ್ನು ಘೋಷಿಸಿದರು. ಯುರೇನಿಯಂ ತೆಗೆದು ಉಳಿದ ಪಿಚ್‌ಬ್ಲೆಂಡ್ ಅದಿರಿನ ಚರಟವನ್ನು ಟನ್‌ಗಟ್ಟಲೆ ಕುದಿಸಿ, ಸೋಸಿ, ಹರಳುಗಟ್ಟಿಸಿ 1902ರ ಹೊತ್ತಿಗೆ ಕೈಗೆ ಸಿಕ್ಕಿದ್ದು ಒಂದು ಗ್ರಾಮಿನ ಹತ್ತನೇ ಒಂದು ಭಾಗ ರೇಡಿಯಂ ಕ್ಲೋರೈಡ್. ಮೂರು ಟನ್ ಯುರೇನಿಯಂ ಇರುವಲ್ಲಿ ಒಂದು ಗ್ರಾಮಿನಷ್ಟು ರೇಡಿಯಂ ಇರುತ್ತದೆ, ಅದೂ ಕಲ್ಲಿನ ತುಂಬ ಹರಡಿಕೊಂಡು. ಬೆಳಗಾವಿ ಜಿಲ್ಲೆಯ ದೇಶನೂರು ಸುತ್ತಲಿನ ಮರಳುಗಲ್ಲಿನಲ್ಲಿ ಯುರೇನಿಯಂ ಅಂಶವನ್ನು ಭೂವಿಜ್ಞಾನಿಗಳು ಗುರುತಿಸಿದ್ದಾರೆ. ಅಂದರೆ ನಮ್ಮ ನೆಲದಡಿಯಲ್ಲೂ ಕಾಣದಷ್ಟು ಕಡಿಮೆ ಪ್ರಮಾಣದಲ್ಲಿ ಅಸಲಿ ರೇಡಿಯಂ ಇದೆ. ಬೋರ್ಡಿನ ರೇಡಿಯಂಗೂ ಅದಕ್ಕೂ ಸಂಬಂಧವಿಲ್ಲ.

ಇಷ್ಟು ಅಪರೂಪದ ವಸ್ತುವಿಗೆ ಬೆಲೆಯೂ ಹಾಗೇ ಇತ್ತು. 1921ರಲ್ಲಿ ಅಮೆರಿಕದ ಮಹಿಳೆಯರು ಚಂದಾ ಎತ್ತಿ ಮೇರಿ ಕ್ಯೂರಿಗೆ ಒಂದು ಗ್ರಾಂ ರೇಡಿಯಂ ಕಾಣಿಕೆ ಕೊಟ್ಟಾಗ ಅದರ ಬೆಲೆ ಒಂದು ಲಕ್ಷ ಡಾಲರ್. ಬೆಲೆ ಹೆಚ್ಚಿದ್ದಕ್ಕೋ ಏನೋ, ಅದರಲ್ಲಿ ಎಲ್ಲ ಗುಣವೂ ಇದೆ ಎಂದು ಜನ ನಂಬಿದರು. ಗಡ್ಡೆಗಳನ್ನು ಕರಗಿಸುವ ಶಕ್ತಿ ಅದಕ್ಕೆ ನಿಜವಾಗಿಯೂ ಇತ್ತು. ಅದನ್ನೇ ಹಿಡಿದು ರೇಡಿಯಂ ನೀರು, ರೇಡಿಯಂ ಮುಖಕ್ರೀಮು, ರೇಡಿಯಂ ಪೌಡರ್ ಮಾರಾಟಕ್ಕೆ ಬಂದವು. ಹೆಸರಿಗಷ್ಟೇ ರೇಡಿಯಂ ಎಂದಿದ್ದ ಸಾಮಾನು ಕೊಂಡವರು ಬಚಾವಾದರು, ಅಸಲಿ ಮಾಲು ಕೊಂಡವರು ಕೆಟ್ಟರು. ಅಮೆರಿಕದ ಉದ್ಯಮಿ ಎಬೆನ್ ಬೈಯರ್ಸ್ ಅರ್ಧ ಔನ್ಸಿನ ಬಾಟಲಿಗಳಲ್ಲಿ ಬರುತ್ತಿದ್ದ ರೇಡಿಯಂ ನೀರನ್ನು ಸುಮಾರು 1,400 ಬಾಟಲಿ ಕುಡಿದರು. ದವಡೆ ಕರಗಿ 1932ರಲ್ಲಿ ತೀರಿಕೊಂಡರು.

ಆದರೆ ‘ಹೊಳೆಯುವುದೇ ರೇಡಿಯಂ’ ಎಂಬ ಮಾತು ಹುಟ್ಟಿದ್ದು ಔಷಧದಿಂದಲ್ಲ, ಗಡಿಯಾರದಿಂದ. ರೇಡಿಯಂ ಲವಣವನ್ನು ಜಿಂಕ್ ಸಲ್ಫೈಡ್ ಪುಡಿಗೆ ಬೆರೆಸಿದರೆ, ರೇಡಿಯಂನಿಂದ ಸಿಡಿಯುವ ಆಲ್ಫಾ ಕಣಗಳು ಬಡಿದಾಗಲೆಲ್ಲ ಜಿಂಕ್ ಸಲ್ಫೈಡ್ ಹಸಿರಾಗಿ ಮಿನುಗುತ್ತದೆ. ಗೋಂದು, ನೀರು ಹಾಕಿ ಕಲಸಿದರೆ ಬಣ್ಣ ತಯಾರು. ಬ್ಯಾಟರಿ ಬೇಡ, ಬಿಸಿಲು ಬೇಡ, ಹಗಲೂ ರಾತ್ರಿ ಹೊಳೆಯುತ್ತದೆ. ಮೊದಲ ಮಹಾಯುದ್ಧದ ಕಂದಕಗಳಲ್ಲಿ ಬೆಂಕಿಕಡ್ಡಿ ಗೀರದೆ ಸಮಯ ನೋಡಲು ಸೈನಿಕರಿಗೆ ಇಂಥದ್ದೇ ಗಡಿಯಾರ ಬೇಕಿತ್ತು.

ಅಂಕಿ ಬರೆಯುವ ಕೆಲಸ ಹದಿನಾಲ್ಕು, ಹದಿನೈದರ ಹುಡುಗಿಯರಿಂದ ಹಿಡಿದು ಇಪ್ಪತ್ತರ ಆಚೀಚಿನವರ ಪಾಲಿಗೆ ಬಂತು. ನ್ಯೂಜೆರ್ಸಿಯ ಆರೆಂಜ್, ಇಲಿನಾಯ್‌ನ ಒಟ್ಟಾವಾ, ಕನೆಕ್ಟಿಕಟ್‌ನ ವಾಟರ್‌ಬರಿ, ಎಲ್ಲೆಡೆಯೂ ಕ್ರಮ ಒಂದೇ. ಒಂಟೆ ಕೂದಲಿನ ಸಣ್ಣ ಕುಂಚ ನಾಲ್ಕಾರು ಗೆರೆ ಎಳೆಯುವಷ್ಟರಲ್ಲಿ ತುದಿ ಬಿಚ್ಚಿಕೊಳ್ಳುತ್ತದೆ. ನೀರಿನಲ್ಲಿ ತೊಳೆದರೆ ಬೆಲೆಬಾಳುವ ಬಣ್ಣ ಹೋಗುತ್ತದೆ, ಬಟ್ಟೆಯಲ್ಲಿ ಒರೆಸಿದರೆ ಬಟ್ಟೆಗೆ ಅಂಟುತ್ತದೆ. ಹಾಗಾಗಿ ತುಟಿಗಳ ನಡುವೆ ಇಟ್ಟು ಮೊನೆ ಮಾಡಿಕೊಳ್ಳಲು ಕಲಿಸಲಾಯಿತು. ಕೆಲಸ ಬಲ್ಲವಳು ದಿನಕ್ಕೆ ಇನ್ನೂರೈವತ್ತು ಡಯಲ್ ಬರೆಯುತ್ತಿದ್ದಳು. ಡಯಲ್ ಲೆಕ್ಕದಲ್ಲಿ ಕೂಲಿ. ಪ್ರತಿ ಡಯಲ್‌ಗೂ ಕುಂಚ ಹಲವು ಸಲ ಬಾಯಿಗೆ ಹೋಗುತ್ತಿತ್ತು. ಅದೇ ಕಟ್ಟಡದಲ್ಲಿ ರೇಡಿಯಂ ಶುದ್ಧೀಕರಿಸುವವರು ಸೀಸದ ಮರೆ ಇಟ್ಟುಕೊಂಡು ಇಕ್ಕಳದಲ್ಲಿ ಹಿಡಿದು ಕೆಲಸ ಮಾಡುತ್ತಿದ್ದರು. ಕುಂಚ ಹಿಡಿದವರಿಗೆ ಆ ವಿಷಯ ಹೇಳಿದವರಿಲ್ಲ.

ರೇಡಿಯಂ ಕ್ಯಾಲ್ಸಿಯಂನ ಗುಂಪಿಗೇ ಸೇರಿದ್ದು. ದೇಹ ಅದನ್ನು ಸುಣ್ಣದಂಶವೆಂದು ತಿಳಿದು ಎಲುಬಿನಲ್ಲಿ ಕೂಡಿಸಿಡುತ್ತದೆ. ಚರ್ಮದ ಹೊರಗಿದ್ದರೆ ಆಲ್ಫಾ ಕಣ ಒಳಗೆ ಇಳಿಯಲಾರದು, ಎಲುಬಿನೊಳಗೆ ಕೂತರೆ ಪಕ್ಕದ ಜೀವಕೋಶಗಳನ್ನು ವರ್ಷಗಟ್ಟಲೆ ಸುಡುತ್ತಲೇ ಇರುತ್ತದೆ. ಮೊದಲು ಹಲ್ಲು ಬಿತ್ತು, ಕಿತ್ತ ಜಾಗ ಮಾಯಲಿಲ್ಲ, ಆಮೇಲೆ ದವಡೆ ಕೊಳೆಯಿತು, ರಕ್ತ ಕಡಿಮೆಯಾಯಿತು, ಎಲುಬಿನ ಕ್ಯಾನ್ಸರ್ ಬಂತು. 1922ರಲ್ಲಿ ತೀರಿಕೊಂಡ ಮಾಲಿ ಮ್ಯಾಗಿಯಾ ಎಂಬ ಹೆಣ್ಣುಮಗಳ ಸಾವಿಗೆ ಲೈಂಗಿಕ ರೋಗ ಕಾರಣ ಎಂದು ಬರೆಯಲಾಗಿತ್ತು. ಐದು ವರ್ಷದ ಬಳಿಕ ಗೋರಿ ತೆಗೆದು ನೋಡಿದಾಗ ಎಲುಬುಗಳು ವಿಕಿರಣ ಸೂಸುತ್ತಿದ್ದವು. ಇದೇ ಕೆಲಸ ಮಾಡಿ ಕಾಯಿಲೆ ಬಿದ್ದ ಗ್ರೇಸ್ ಫ್ರೈಯರ್‌ಗೆ ಕಂಪನಿಯ ಮೇಲೆ ದಾವೆ ಹೂಡಲು ವಕೀಲರು ಸಿಗಲು ಎರಡು ವರ್ಷ ಹಿಡಿಯಿತು. 1928ರಲ್ಲಿ ಅವಳಿಗೂ ಇನ್ನು ನಾಲ್ವರಿಗೂ ತಲಾ 10,000 ಡಾಲರ್ ಮತ್ತು ವರ್ಷಕ್ಕೆ 600 ಡಾಲರ್ ಕೊಡುವ ರಾಜಿ ಆಯಿತು. ವರ್ಷಾಸನವನ್ನು ಬಹಳ ಕಾಲ ಉಣ್ಣುವಷ್ಟು ಆಯುಷ್ಯ ಅವರಲ್ಲಿ ಉಳಿದಿರಲಿಲ್ಲ. ದೇಹದೊಳಗೆ 0.1 ಮೈಕ್ರೋಗ್ರಾಮಿಗಿಂತ ಹೆಚ್ಚು ರೇಡಿಯಂ ಇರಬಾರದು ಎಂಬ 1941ರ ಮಿತಿ ಬಂದದ್ದು ಇಂಥ ಹೆಣ್ಣುಮಕ್ಕಳ ದೇಹಗಳನ್ನು ಅಳೆದು. ದೇಹದೊಳಗೆ ಸೇರುವ ವಿಕಿರಣದ ಸುರಕ್ಷತೆಯ ಲೆಕ್ಕಕ್ಕೆ ಅದೇ ಬುನಾದಿಯಾಯಿತು.

ಹಳೆಯ ಅಲಾರಾಂ ಗಡಿಯಾರ, ಮಿಲಿಟರಿ ದಿಕ್ಸೂಚಿ ಕೂಡಿಡುವ ಹವ್ಯಾಸ ಇರುವವರು ಇಲ್ಲಿ ಒಂದು ಮಾತು ಗಮನಿಸಬೇಕು. ಮುಳ್ಳಿನ ಮೇಲಿನ ಬಣ್ಣ ಕಂದು ತಿರುಗಿ ಹೊಳಪು ಸತ್ತಿದ್ದರೆ ರೇಡಿಯಂ ಸತ್ತಿತು ಎಂದುಕೊಳ್ಳುತ್ತಾರೆ. ರೇಡಿಯಂನ ಅರ್ಧಾಯುಷ್ಯ, ಅಂದರೆ ಇದ್ದದ್ದು ಅರ್ಧಕ್ಕೆ ಇಳಿಯಲು ಹಿಡಿಯುವ ಕಾಲ, 1,600 ವರ್ಷ. ನೂರು ವರ್ಷದಲ್ಲಿ ಕಡಿಮೆಯಾಗುವುದು ಶೇ 4ರಷ್ಟು ಮಾತ್ರ. ಹಾಳಾಗಿರುವುದು ಜಿಂಕ್ ಸಲ್ಫೈಡ್. ಬತ್ತಿ ಸುಟ್ಟಿದೆ, ಎಣ್ಣೆ ಹಾಗೇ ಇದೆ. ಗಾಜು ಮುಚ್ಚಿ ಕಪಾಟಿನಲ್ಲಿ ಇಟ್ಟರೆ ಅಪಾಯ ಕಡಿಮೆ. ಬಿಚ್ಚಿ, ಬ್ಲೇಡಿನಿಂದ ಕೆರೆದು, ಊದಿ ತೆಗೆದರೆ ಆ ಧೂಳು ನೇರ ಶ್ವಾಸಕ್ಕೆ ಹೋಗುತ್ತದೆ.

1960ರ ದಶಕದ ಹೊತ್ತಿಗೆ ಗಡಿಯಾರಗಳಿಂದ ರೇಡಿಯಂ ಹೊರಬಿದ್ದು ಟ್ರಿಟಿಯಂ, ಪ್ರೊಮೀಥಿಯಂ ಬಂದವು. ಆಸ್ಪತ್ರೆಗಳಲ್ಲೂ ಕ್ಯಾನ್ಸರ್ ಚಿಕಿತ್ಸೆಯ ರೇಡಿಯಂ ಸೂಜಿಗಳ ಜಾಗವನ್ನು ಕೋಬಾಲ್ಟ್, ಸೀಸಿಯಂ, ಇರಿಡಿಯಂ ಹಿಡಿದವು. ನಮ್ಮ ಕಡೆ ಆ ಚಿಕಿತ್ಸೆಗೆ ‘ಕರೆಂಟ್ ಕೊಡೋದು’ ಎನ್ನುತ್ತಾರೆ, ರೇಡಿಯಂ ಎನ್ನುವವರಿಲ್ಲ. ನಿಜವಾದ ರೇಡಿಯಂ ಕೆಲಸ ಮಾಡಿದ ಕಡೆ ಹೆಸರು ಅಳಿಯಿತು, ರೇಡಿಯಂ ಸುಳಿಯದ ಕಡೆ ಹೆಸರು ನಿಂತಿತು. ಕತ್ತಲೆಯಲ್ಲಿ ಹಸಿರಾಗಿ ಕಾಣುವ ಗಡಿಯಾರದ ಮುಳ್ಳು ರೇಡಿಯಂ ಆಯಿತು, ಜಾತ್ರೆಯಲ್ಲಿ ಸಿಗುವ ಹೊಳೆಯುವ ಗಣಪತಿ ರೇಡಿಯಂ ಆಯಿತು, ಕೊನೆಗೆ ಗಾಡಿಯ ಸ್ಟಿಕ್ಕರೂ ರೇಡಿಯಂ ಆಯಿತು.

ಈ ಮೂರೂ ಬೇರೆ ಬೇರೆ ಬೆಳಕು. ಹಳೆಯ ಗಡಿಯಾರದ್ದು ಸ್ವಂತ ಬೆಳಕು. ಜಾತ್ರೆಯ ಗಣಪತಿಯದು ಕೂಡಿಟ್ಟ ಬೆಳಕು. ಬಲ್ಬಿನಡಿ ಹಿಡಿದರೆ ತುಂಬಿಕೊಂಡು ಆಮೇಲೆ ನಿಧಾನವಾಗಿ ಬಿಟ್ಟುಕೊಡುತ್ತದೆ. 1990ರ ದಶಕದಲ್ಲಿ ಸ್ಟ್ರಾನ್ಷಿಯಂ ಅಲ್ಯುಮಿನೇಟ್ ಬಂದ ಮೇಲೆ ಅದು ಕೆಲವು ತಾಸು ನಿಲ್ಲುತ್ತದೆ, ವಿಕಿರಣ ಏನೂ ಇಲ್ಲ. ಗಾಡಿ ಸ್ಟಿಕ್ಕರಿನದು ಬರೀ ವಾಪಸ್ ಕೊಡುವ ಬೆಳಕು. ಕೂದಲೆಳೆಗಿಂತ ದಪ್ಪವಲ್ಲದ ಗಾಜಿನ ಮಣಿಗಳನ್ನು ಹಾಳೆಯಲ್ಲಿ ಕೂರಿಸಿ ಹಿಂದೆ ಅಲ್ಯೂಮಿನಿಯಂ ಪದರ ಕೊಟ್ಟಿರುತ್ತಾರೆ. ಬಿದ್ದ ಬೆಳಕು ಮಣಿಯೊಳಗೆ ಬಾಗಿ, ಹಿಂದಿನ ಪದರಕ್ಕೆ ತಾಕಿ, ಬಂದ ದಾರಿಯಲ್ಲೇ ಮರಳುತ್ತದೆ. ದೀಪದ ಹಿಂದೆ ಕೂತ ಚಾಲಕನ ಕಣ್ಣಿಗೆ ಮಾತ್ರ ಅದು ಝಗ್ಗೆಂದು ಕಾಣುತ್ತದೆ, ರಸ್ತೆ ಬದಿಗೆ ನಿಂತವನಿಗೆ ಏನೂ ಕಾಣದು. 1930ರ ದಶಕದ ಕೊನೆಗೆ ಅಮೆರಿಕದ ತ್ರೀ ಎಂ ಕಂಪನಿ ರಸ್ತೆ ಫಲಕಗಳಿಗಾಗಿ ಬೆಳೆಸಿದ ತಂತ್ರ ಇದು.

ಸ್ಟಿಕ್ಕರ್ ಕತ್ತರಿಸುವ ಕೆಲಸ ಮೊದಲು ಪೂರ್ತಿ ಕೈಯದೇ ಇತ್ತು. ಹಾಳೆಯ ಮೇಲೆ ಪೆನ್ಸಿಲ್‌ನಲ್ಲಿ ಅಕ್ಷರ ಬರೆದು ಬ್ಲೇಡಿನಿಂದ ಕೊಯ್ಯುತ್ತಿದ್ದರು. ಬೋರ್ಡು ಬರೆಯುವ ಪೇಂಟರುಗಳಲ್ಲಿ ಹಲವರು ಈ ಕಡೆ ಬಂದರು. ಈಗ ಕಂಪ್ಯೂಟರಿನಲ್ಲಿ ಕೋರೆಲ್ ಡ್ರಾ ಎಂಬ ಸಾಫ್ಟ್‌ವೇರ್‌ನಲ್ಲಿ ವಿನ್ಯಾಸ ಮಾಡಿದರೆ ಪ್ಲಾಟರ್ ಎಂಬ ಯಂತ್ರ ಕತ್ತರಿಸುತ್ತದೆ. ಆದರೂ ಕನ್ನಡ ಅಕ್ಷರ ಇಂಗ್ಲಿಷಿನಷ್ಟು ಸುಲಭಕ್ಕೆ ಬಗ್ಗುವುದಿಲ್ಲ. ಹಳೆಯ ನುಡಿ ಫಾಂಟಿನಲ್ಲಿ ಅಕ್ಷರ, ಗುಣಿತ, ಒತ್ತು ಬೇರೆ ಬೇರೆ ತುಂಡಾಗಿದ್ದು ಒಂದರ ಮೇಲೊಂದು ಏರಿರುತ್ತವೆ. ಮೊದಲು ‘ವೆಲ್ಡ್’ ಕೊಟ್ಟು ಒಂದು ಮಾಡದಿದ್ದರೆ ಬ್ಲೇಡು ಒಳಗಿನ ಗೆರೆಯನ್ನೂ ಕೊಯ್ದು ‘ಕಾ’ ಎರಡು ತುಂಡಾಗುತ್ತದೆ. ಒಂದು ಇಂಚಿಗಿಂತ ಸಣ್ಣ ಅಕ್ಷರವಾದರೆ ಕಸ, ಅಂದರೆ ಅಕ್ಷರದ ಸುತ್ತಲಿನ ಬೇಡದ ಹಾಳೆ, ಕೀಳುವಾಗ ಒತ್ತುಗಳೂ ಚಿಮಟದ ಜೊತೆ ಎದ್ದು ಬರುತ್ತವೆ. ‘ಮಲ್ಲಿಕಾರ್ಜುನ’ನ ಲಾವತ್ತು ಹೋದ ಗಾಡಿಗಳು ಎಷ್ಟೋ ಓಡಾಡುತ್ತಿವೆ.

ಬೆಳಕು ವಾಪಸ್ ಕೊಡುವ ರಿಫ್ಲೆಕ್ಟಿವ್ ಹಾಳೆ ಸಾದಾ ವಿನೈಲ್ (ಪ್ಲಾಸ್ಟಿಕ್) ಹಾಳೆಗಿಂತ ದಪ್ಪ, ಒಳಗೆ ಗಾಜಿದೆ. 45 ಡಿಗ್ರಿ ಬ್ಲೇಡು ಅದಕ್ಕೆ ಬೇಗ ಮೊಂಡಾಗುತ್ತದೆ, 60 ಡಿಗ್ರಿಯದು ಹಾಕಬೇಕು. ಮೂಲೆಯಲ್ಲಿ ಒಂದು ಸಣ್ಣ ಚೌಕ ಕತ್ತರಿಸಿ ನೋಡಿದರೆ ಒತ್ತಡ ಸರಿಯಿದೆಯೇ ಎಂದು ಗೊತ್ತಾಗುತ್ತದೆ. ಚೌಕ ಸಲೀಸಾಗಿ ಏಳಬೇಕು, ಕೆಳಗಿನ ಕಾಗದದ ಮೇಲೆ ಗೀರು ಮಾತ್ರ ಉಳಿಯಬೇಕು. ಸಾದಾ ವಿನೈಲನ್ನು ಸೋಪಿನ ನೀರು ಚಿಮುಕಿಸಿ ಹಚ್ಚಬಹುದು. ರಿಫ್ಲೆಕ್ಟಿವ್‌ಗೆ ಅದು ಒಳ್ಳೆಯದಲ್ಲ. ಕೊಯ್ದ ಅಂಚಿನಿಂದ ನೀರು ಒಳಗೆ ಹೋದರೆ ಅಲ್ಯೂಮಿನಿಯಂ ಪದರ ಕಪ್ಪಾಗುತ್ತಾ ಬರುತ್ತದೆ.

ಈ ಅಂಗಡಿಗಳ ಅನ್ನ ಬಹುಕಾಲ ನಂಬರ್ ಪ್ಲೇಟಿನದಾಗಿತ್ತು. 2019ರ ಏಪ್ರಿಲ್‌ನಿಂದ ಹೊಸ ವಾಹನಗಳಿಗೆ, 2023ರ ಆಗಸ್ಟ್‌ನ ಆದೇಶದಿಂದ ಹಳೆಯವಕ್ಕೂ ಎಚ್‌ಎಸ್‌ಆರ್‌ಪಿ (ಅತಿ ಸುರಕ್ಷಿತ ನಂಬರ್ ಪ್ಲೇಟ್) ಕಡ್ಡಾಯವಾದ ಮೇಲೆ ಆ ಕೆಲಸ ಕೈತಪ್ಪಿತು. ಹೆಸರು, ಚಿತ್ರ, ಬೋರ್ಡು ಉಳಿದವು. ಕಬ್ಬಿನ ಹಂಗಾಮೂ ಉಳಿಯಿತು.

ಅಕ್ಟೋಬರ್, ನವೆಂಬರ್‌ನಲ್ಲಿ ಕಾರ್ಖಾನೆಗಳು ನುರಿಸಲು ಶುರು ಮಾಡಿದರೆ ಬೆಳಗಾವಿ, ಬಾಗಲಕೋಟೆ ಜಿಲ್ಲೆಗಳ ರಸ್ತೆಗಳಲ್ಲಿ ರಾತ್ರಿಯಿಡೀ ಎರಡೆರಡು ಟ್ರೇಲರ್ ಕಟ್ಟಿದ ಟ್ರ್ಯಾಕ್ಟರುಗಳು. ಪೊಲೀಸರು, ಕಾರ್ಖಾನೆಯವರು ಸೇರಿ ಟ್ರೇಲರ್‌ಗಳಿಗೆ ‘ರೇಡಿಯಂ’ ಹಚ್ಚುವುದು ಈಗ ಹಂಗಾಮಿನ ವಾಡಿಕೆಯೇ ಆಗಿದೆ. ಒಳ್ಳೆಯ ಕೆಲಸ. ಆದರೆ ಹಚ್ಚಿದ ಪಟ್ಟಿ ತಿಂಗಳೊಳಗೆ ಕಾಣದಂತಾಗುವುದಕ್ಕೆ ಕಾರಣಗಳು ಬಹಳ ಸಾದಾ. ಟ್ರೇಲರಿನ ಹಿಂದೆ ಒಂದೆರಡು ಅಡಿ ಚಾಚಿದ ಕಬ್ಬು ಜೋತುಬಿದ್ದು ದೀಪವನ್ನೂ ಪಟ್ಟಿಯನ್ನೂ ಮುಚ್ಚುತ್ತದೆ. ಹೊಲದ ಕೆಸರು, ರವದಿಯ (ಒಣ ಕಬ್ಬಿನೆಲೆ) ಧೂಳು ಕೂತರೆ ಒಳಗಿನ ಮಣಿಗೆ ಬೆಳಕೇ ತಲುಪುವುದಿಲ್ಲ. ತುಕ್ಕಿನ ತಗಡಿನ ಮೇಲೆ ಹಚ್ಚಿದ್ದು ತುಕ್ಕಿನ ಜೊತೆಯೇ ಕಿತ್ತು ಬರುತ್ತದೆ. ಹಂಗಾಮಿಗೆಂದು ಹೊಸದಾಗಿ ಬಣ್ಣ ಬಳಿದು ಮರುದಿನವೇ ಹಚ್ಚಿದರೆ ಬಣ್ಣದಿಂದ ಏಳುವ ಆವಿ ಪಟ್ಟಿಯಡಿ ಸಿಕ್ಕಿ ಗುಳ್ಳೆ ಏಳುತ್ತದೆ. ವಾರ ಬಿಟ್ಟು, ಒಣ ಬಟ್ಟೆಯಿಂದ ಒರೆಸಿ, ಸ್ಪಿರಿಟ್ ಹಚ್ಚಿ ಆರಿಸಿ, ಆಮೇಲೆ ಅಂಟಿಸಬೇಕು. ಮೊಳೆಯ ತಲೆಯ ಮೇಲೆ ಎಳೆದು ಅಂಟಿಸದೆ ಸುತ್ತ ಕೊಯ್ದು ಬಿಡಬೇಕು.

ಬಣ್ಣಕ್ಕೂ ಅರ್ಥವಿದೆ. ಮುಂದೆ ಬಿಳಿ, ಪಕ್ಕಕ್ಕೆ ಹಳದಿ, ಹಿಂದೆ ಕೆಂಪು. ಅಂದ ಕಾಣಲಿ ಎಂದು ಹಿಂದೆ ಬಿಳಿ ಪಟ್ಟಿ ಹಚ್ಚಿದರೆ ಹಿಂದಿನ ಚಾಲಕನಿಗೆ ಎದುರಿನಿಂದ ಬರುವ ಗಾಡಿ ಎಂಬ ಭ್ರಮೆ ಹುಟ್ಟುತ್ತದೆ. ಇನ್ನು ಅಗ್ಗದ ಮಾಲಿನಲ್ಲಿ ಗಾಜಿನ ಮಣಿಯೇ ಇರುವುದಿಲ್ಲ, ಹೊಳಪಿನ ಪ್ಲಾಸ್ಟಿಕ್ ಅಷ್ಟೇ. ಹಗಲಲ್ಲಿ ಎರಡೂ ಒಂದೇ ಥರ ಕಾಣುತ್ತವೆ. ಕತ್ತಲಾದ ಮೇಲೆ ಹದಿನೈದು ಮೀಟರ್ ದೂರ ನಿಂತು ಬ್ಯಾಟರಿಯನ್ನು ಕಣ್ಣಿನ ಪಕ್ಕಕ್ಕೇ, ಕೆನ್ನೆಗೆ ತಾಗುವಂತೆ ಹಿಡಿದು ಬೆಳಕು ಬಿಡಿ. ಅಸಲಿಯಾದರೆ ಉರಿಯುವಂತೆ ಕಾಣುತ್ತದೆ. ಬ್ಯಾಟರಿಯನ್ನು ಕೈ ಚಾಚಿ ದೂರ ಹಿಡಿದರೆ ಹೊಳಪು ಇಳಿಯುತ್ತದೆ. ನಕಲಿಯಲ್ಲಿ ಈ ವ್ಯತ್ಯಾಸ ಇರುವುದಿಲ್ಲ.

ಗಂಟೆಗೆ 80 ಕಿ.ಮೀ. ವೇಗದ ಕಾರು, ಚಾಲಕ ನೋಡಿ ಬ್ರೇಕ್ ತುಳಿದು ನಿಲ್ಲಲು ಒಣ ರಸ್ತೆಯಲ್ಲೂ ಎಪ್ಪತ್ತು ಮೀಟರಿಗಿಂತ ಹೆಚ್ಚು ಬೇಕು. ಡಿಮ್ ಲೈಟಿನಲ್ಲಿ ಕಪ್ಪು ಟ್ರೇಲರ್ ಅಷ್ಟು ದೂರದಿಂದ ಕಾಣುವುದಿಲ್ಲ. ಚೊಕ್ಕ ಪಟ್ಟಿಯಿದ್ದರೆ ನೂರೈವತ್ತು ಮೀಟರಿನ ಆಚೆಯಿಂದಲೇ ಕಾಣುತ್ತದೆ. ಆದರೆ ತಿರುವಿನಲ್ಲಿ ಕೆಟ್ಟು ನಿಂತ ಟ್ರೇಲರ್ ಮೇಲೆ ಹೆಡ್‌ಲೈಟ್ ಬೀಳುವುದೇ ಕೊನೇ ಗಳಿಗೆಯಲ್ಲಿ. ದೀಪ ಹಾಕದೆ ಬರುವ ಬೈಕಿಗಂತೂ ಯಾವ ರೇಡಿಯಂ ಕೂಡ ಕಾಣದು. ಅಲ್ಲಿ ಬೇಕಿರುವುದು ಸ್ವಂತ ಬೆಳಕು: ಉರಿಯುವ ಟೇಲ್‌ಲೈಟ್, ಮಿನುಗುವ ಇಂಡಿಕೇಟರ್, ಐವತ್ತು ಹೆಜ್ಜೆ ಹಿಂದೆ ಇಟ್ಟ ದೀಪ.

ಕಬ್ಬಿನ ತುದಿ ಮುಚ್ಚುವ ತೊಂದರೆಗೆ ಸುಲಭ ದಾರಿಯೂ ಇದೆ. ಮೂರಡಿ ಉದ್ದದ ಹಲಗೆ ಇಲ್ಲವೇ ತಗಡಿಗೆ ಕೆಂಪು ಪಟ್ಟಿ ಅಂಟಿಸಿ, ಎರಡು ತೂತಿಗೆ ಹಗ್ಗ ಹಾಕಿ, ಹೇರಿದ ಮೇಲೆ ಕಬ್ಬಿನ ಹೊರತುದಿಗೇ ಕಟ್ಟುವುದು, ಇಳಿಸುವಾಗ ಬಿಚ್ಚಿ ಸೀಟಿನ ಕೆಳಗೆ ಇಡುವುದು. ಕಾರ್ಖಾನೆ ಯಾರ್ಡಿನಲ್ಲಿ ಪಾಳಿಗಾಗಿ ತಾಸುಗಟ್ಟಲೆ ನಿಲ್ಲಬೇಕಾಗುತ್ತದೆ. ಒದ್ದೆ ಬಟ್ಟೆಯಿಂದ ಟ್ರೇಲರಿನ ಪಟ್ಟಿಗಳನ್ನು ಒರೆಸಲು ಅದರಲ್ಲಿ ಐದು ನಿಮಿಷ ಸಾಕು.