ನಮಗೆ ಕಂಡಿದ್ದು ಸೀಮಾಳಿಗೆ ಕಂಡಿರಲಿಲ್ಲ

“ನನಗೆ ಅಷ್ಟೂ ಗೊತ್ತಾಗಲಿಲ್ವಾ, ಡಾಕ್ಟ್ರೇ?” ಪ್ರೀತಿಯಲ್ಲಿ ಮೋಸಹೋಗಿ ನನ್ನಲ್ಲಿಗೆ ಬರುವ ಹೆಣ್ಣುಮಕ್ಕಳು ಮತ್ತೆ ಮತ್ತೆ ಕೇಳುವುದು ಇದನ್ನೇ. ಅವನ ಮೇಲಿನ ಸಿಟ್ಟಿಗಿಂತ ತಮ್ಮ ಬಗೆಗಿನ ನಾಚಿಕೆಯೇ ಹೆಚ್ಚು. ಆಗೆಲ್ಲ ನನಗೆ 1993ರ ಹಿಂದಿ ಸಿನಿಮಾ ‘ಬಾಜಿಗರ್’ ನೆನಪಾಗುತ್ತದೆ.

ಅದರಲ್ಲಿ ಶಾರುಖ್ ಖಾನ್ ಅಜಯ್. ಬಾಲ್ಯದಲ್ಲಿ ತನ್ನ ಮನೆಯನ್ನು ಹಾಳುಮಾಡಿದವನ ಮೇಲಿನ ಸೇಡಿಗಾಗಿ ಅವನ ಹೆಣ್ಣುಮಕ್ಕಳಾದ ಅಕ್ಕ, ತಂಗಿ ಇಬ್ಬರನ್ನೂ ಒಲಿಸಿಕೊಳ್ಳುತ್ತಾನೆ. ತಂಗಿ ಪ್ರಿಯಾಳಿಗೆ ಹೇಳಿಕೊಂಡ ಹೆಸರು ವಿಕ್ಕಿ. ಅಕ್ಕ ಸೀಮಾ (ಮಂಗಳೂರಿನಲ್ಲಿ ಹುಟ್ಟಿದ ಶಿಲ್ಪಾ ಶೆಟ್ಟಿಗೆ ಇದು ಮೊದಲ ಸಿನಿಮಾ) ರಿಜಿಸ್ಟರ್ ಮದುವೆಗೆಂದು ಅವನ ಜೊತೆ ಹೋದಾಗ, ಕಟ್ಟಡದ ಮೇಲಿಂದ ಅವಳನ್ನು ದೂಡುತ್ತಾನೆ. ನನ್ನನ್ನು ಹೆಚ್ಚು ಕಾಡುವುದು ಅದಕ್ಕೂ ಮುಂಚಿನ ಸಂಗತಿ. ಪ್ರೀತಿಯ ಪರೀಕ್ಷೆಯೆಂಬಂತೆ ಅವಳ ಕೈಯಿಂದಲೇ ಆತ್ಮಹತ್ಯೆಯ ಚೀಟಿ ಬರೆಸಿಕೊಂಡಿರುತ್ತಾನೆ. ಇಬ್ಬರ ಪ್ರೀತಿ ಮನೆಯವರಿಗೆ ಗೊತ್ತೇ ಇಲ್ಲ. ಕೊಲೆ ಆತ್ಮಹತ್ಯೆಯೆಂದು ಮುಚ್ಚಿಹೋಗುತ್ತದೆ.

ನಾನು ಕೇಳುವ ಕಥೆಗಳಲ್ಲಿ ಕೊಲೆ ಇರುವುದಿಲ್ಲ, ಗುಟ್ಟು ಇರುತ್ತದೆ. “ಸದ್ಯಕ್ಕೆ ಯಾರಿಗೂ ಹೇಳ್ಬೇಡ, ಮನೇಲಿ ನಾನೇ ಮಾತಾಡ್ತೀನಿ.” ಆಮೇಲೆ ಅವಳ ಗೆಳತಿಯ ಬಗ್ಗೆ ಒಂದು ಕೊಂಕು ಮಾತು. ಆಮೇಲೆ ಪ್ರೀತಿಗೆ ಪುರಾವೆ: ಮೊಬೈಲಿನ ಪಾಸ್‌ವರ್ಡ್, ಲೊಕೇಶನ್, ಒಂದು ಫೋಟೋ. ಬಿಡಿಬಿಡಿಯಾಗಿ ನೋಡಿದರೆ ಎಲ್ಲವೂ ಸಲಿಗೆಯೇ. ಮನೆಯವರಿಗೆ ಹೆದರಿ ಪ್ರೀತಿಯನ್ನು ಬಚ್ಚಿಡುವುದು ನಮ್ಮಲ್ಲಿ ಮಾಮೂಲಾದ್ದರಿಂದ, ಮೋಸಗಾರ ಕೇಳುವ ಗುಟ್ಟೂ ಅದರೊಳಗೆ ಸೇರಿಹೋಗುತ್ತದೆ.

ಅಜಯ್‌ನ ಎರಡೂ ಮುಖ ನಮಗೆ ಕಂಡಿದ್ದು ಕ್ಯಾಮೆರಾ ತೋರಿಸಿದ್ದರಿಂದ. ಸೀಮಾಳ ಪಾಲಿಗೆ ಇದ್ದದ್ದು ಒಂದೇ ಮುಖ, ಅದನ್ನು ಅವಳು ನಂಬಿದಳು. ನಂಬಿದ್ದು ದಡ್ಡತನವಲ್ಲ. ಇಷ್ಟು ಹೇಳಿದ ಮೇಲೆ ಕೆಲವರು ಮೊದಲ ಸಲ ಅಳುತ್ತಾರೆ.

ಕೊನೆಯಲ್ಲಿ ಅಜಯ್ ತಾಯಿಯ ಮಡಿಲಲ್ಲಿ ಸಾಯುತ್ತಾನೆ, ಚಿತ್ರಮಂದಿರದ ಕಣ್ಣೀರೆಲ್ಲ ಅವನಿಗೇ. ಅವನ ಬಾಲ್ಯದ ನೋವನ್ನು ಮನೋವೈದ್ಯೆಯಾಗಿ ನಾನು ಹಗುರ ಮಾಡಲಾರೆ. ಆದರೆ ಸೀಮಾ ಅವನಿಗೇನು ಮಾಡಿದ್ದಳು?

ನಿಮ್ಮ ಮಗಳೋ ತಂಗಿಯೋ ತಡವಾಗಿ ಬಾಯಿಬಿಟ್ಟರೆ, “ಮೊದಲೇ ಯಾಕೆ ಹೇಳಲಿಲ್ಲ?” ಎಂದು ದಯವಿಟ್ಟು ಕೇಳಬೇಡಿ. ಮನೆಯವರು ಬೈಯುತ್ತಾರೆಂದು ಅವನು ಆಗಲೇ ಅವಳನ್ನು ಹೆದರಿಸಿಟ್ಟಿರುತ್ತಾನೆ. ಊಟ ಹಾಕಿ, ಪಕ್ಕದಲ್ಲಿ ಕೂತು ಪೂರ್ತಿ ಕೇಳಿ. ಬೆದರಿಕೆಯ ಮೆಸೇಜುಗಳಿದ್ದರೆ ಅಳಿಸಲು ಬಿಡಬೇಡಿ. ಮಹಿಳಾ ಸಹಾಯವಾಣಿ 181. ಮನಸ್ಸು ತೀರಾ ಕುಸಿದಿದ್ದರೆ ಮಾನಸಿಕ ಆರೋಗ್ಯದ ಸಹಾಯವಾಣಿ ಟೆಲಿ ಮಾನಸ್ 14416, ಕನ್ನಡದಲ್ಲೇ ಮಾತಾಡಬಹುದು.