ಹೊಕ್ಕುಳಿನ ಭಯ

ಹೊಕ್ಕುಳಿನ ಹಿಂದೆ 72,000 ನರಗಳಿವೆ, ಅಲ್ಲಿ ಎಣ್ಣೆ ಬಿಟ್ಟರೆ ಕಣ್ಣಿಂದ ಮಂಡಿವರೆಗೆ ಎಲ್ಲ ನೋವೂ ಹೋಗುತ್ತೆ ಅನ್ನೋ ವಾಟ್ಸಾಪ್ ಮೆಸೇಜ್ ನಿಮಗೂ ಬಂದಿರಬಹುದು. ಶುದ್ಧ ಸುಳ್ಳು. ಹೊಕ್ಕುಳಿನ ಭಯ ಇರುವ ನನ್ನಂಥವರಿಗೆ ಅದನ್ನು ಓದಿದರೇ ಮೈ ಬೆವರುತ್ತದೆ. ಸ್ನಾನ ಮಾಡುವಾಗ ಸೋಪಿನ ಕೈ ಅದನ್ನು ಬಿಟ್ಟು ಸುತ್ತ ಹೋಗುತ್ತದೆ. ಸ್ಕ್ಯಾನಿಂಗ್ ಮಾಡುವಾಗ ಜೆಲ್ ಹಚ್ಚಿದ ಪ್ರೋಬ್ ಆ ಕಡೆ ಜಾರಿದ್ದೇ ತಡ, ಡಾಕ್ಟರ ಕೈ ಗಟ್ಟಿಯಾಗಿ ಹಿಡಿದುಬಿಟ್ಟಿದ್ದೆ. ಮುಟ್ಟಿದರೆ ಗಂಟು ಬಿಚ್ಚಿಕೊಂಡು ಕರುಳು ಹೊರಗೆ ಬರುತ್ತೆ ಅನ್ನಿಸುತ್ತದೆ.

ಬಿಚ್ಚೋಕೆ ಅಲ್ಲಿ ಗಂಟೇ ಇಲ್ಲ. ಹೊಕ್ಕುಳಬಳ್ಳಿಯಲ್ಲಿ ಎರಡು ಅಪಧಮನಿ, ಒಂದು ಅಭಿಧಮನಿ ಇರುತ್ತವೆ. ಹುಟ್ಟಿದ ಮೇಲೆ ಬಳ್ಳಿಯ ತುಂಡು ಒಂದೆರಡು ವಾರದಲ್ಲಿ ಒಣಗಿ ಬೀಳುತ್ತದೆ, ಒಳಗಿನ ರಕ್ತನಾಳಗಳು ಮುಚ್ಚಿ ಬರೀ ನಾರಾಗುತ್ತವೆ. ಉಳಿಯುವುದು ಒಂದು ಗಾಯದ ಕಲೆ. ಆದರೆ ಅಲ್ಲಿ ಚರ್ಮದ ಕೆಳಗೆ ಕೊಬ್ಬು, ಸ್ನಾಯು ಇಲ್ಲದಿರುವುದರಿಂದ ಒತ್ತಿದರೆ ಹೊಟ್ಟೆಯ ಒಳಪದರಕ್ಕೇ ತಾಗಿದ ಹಾಗಾಗುತ್ತದೆ.

ಹೊಟ್ಟೆನೋವು ಬಂದರೆ 'ಬಟ್ಟಿ ಜಾರಿದೆ', ಅಂದರೆ ಹೊಕ್ಕುಳು ಜಾಗ ಬಿಟ್ಟು ಸರಿದಿದೆ, ಅಂತ ತಿಕ್ಕಿಸುವವರ ಬಗ್ಗೆ ನನಗೆ ನಿಜಕ್ಕೂ ಆತಂಕ. ಅಲ್ಲಿ ಜಾರುವಂಥದ್ದು ಏನೂ ಇಲ್ಲ. ಅಪೆಂಡಿಕ್ಸ್ ಊದಿಕೊಂಡಾಗ ನೋವು ಎಷ್ಟೋ ಸಲ ಹೊಕ್ಕುಳಿನ ಸುತ್ತಲೇ ಶುರುವಾಗುತ್ತದೆ, ಯಾಕಂದರೆ ಎರಡೂ ಕಡೆಯ ಸುದ್ದಿ ಬೆನ್ನುಹುರಿಗೆ ಹೆಚ್ಚುಕಡಿಮೆ ಒಂದೇ ಮಟ್ಟದಲ್ಲಿ ಸೇರುತ್ತದೆ. ತಿಕ್ಕಿಸುತ್ತಾ ಕೂತರೆ ಆಸ್ಪತ್ರೆಗೆ ಹೋಗುವುದು ತಡವಾಗುತ್ತದೆ, ಅಪೆಂಡಿಕ್ಸ್ ಒಡೆದರೆ ಪ್ರಾಣಕ್ಕೇ ಅಪಾಯ.

ಇಷ್ಟೆಲ್ಲ ಗೊತ್ತಿದ್ದೂ ಭಯ ಹೋಗಲ್ಲ, ಇದೇ ಈ ವಿಷಯದ ಕುತೂಹಲ. ತಪ್ಪಿಸಿಕೊಂಡ ಕೂಡಲೇ ಹಾಯೆನಿಸುತ್ತದೆ ಅಲ್ವಾ, ಮಿದುಳು ಆ ಹಾಯನ್ನೇ ಪಾಠ ಮಾಡಿಕೊಳ್ಳುತ್ತದೆ: ಮುಟ್ಟದೆ ಇದ್ದದ್ದಕ್ಕೇ ಬದುಕಿಕೊಂಡೆ ಅಂತ. ಪ್ರತಿ ಸಲ ತಪ್ಪಿಸಿಕೊಂಡಾಗಲೂ ಸಾಲಕ್ಕೆ ಬಡ್ಡಿ ಸೇರಿದ ಹಾಗೆ ಭಯ ಬೆಳೆಯುತ್ತದೆ. ಮುಟ್ಟಿದರೂ ಏನೂ ಆಗಲ್ಲ ಅನ್ನೋದನ್ನು ಮಿದುಳಿಗೆ ಅನುಭವದಿಂದಲೇ ಕಲಿಸಬೇಕು. 1924ರಲ್ಲಿ ಮೇರಿ ಕವರ್ ಜೋನ್ಸ್ ಅನ್ನೋ ಅಮೆರಿಕದ ಮನಶ್ಶಾಸ್ತ್ರಜ್ಞೆ ಇದನ್ನು ತೋರಿಸಿದ್ದರು. ಪೀಟರ್ ಅನ್ನೋ ಪುಟ್ಟ ಹುಡುಗನಿಗೆ ಮೊಲ ಕಂಡರೆ ಭಯ. ಅವನು ಇಷ್ಟದ ತಿಂಡಿ ತಿನ್ನುವಾಗ ಮೊಲವನ್ನು ದೂರದಲ್ಲಿಟ್ಟು, ಸ್ವಲ್ಪಸ್ವಲ್ಪವೇ ಹತ್ತಿರ ತಂದರು. ಕೊನೆಗೆ ಅವನೇ ಮೊಲವನ್ನು ಮುಟ್ಟಿ ಆಡಿದ. ಇಂಥ ಭಯಗಳಿಗೆ ಇಂದು ಕೊಡುವ ಚಿಕಿತ್ಸೆಯ ಬೇರು ಅದೇ.

ನಾನೀಗ ಬಟ್ಟೆಯ ಮೇಲಿಂದ ಅಂಗೈ ಇಟ್ಟು, ಎದೆಬಡಿತ ಇಳಿಯುವವರೆಗೂ ಕೈ ತೆಗೆಯದೆ ಕೂರುತ್ತೇನೆ. ಮುಂದಿನ ಮೆಟ್ಟಿಲು, ಒದ್ದೆ ಹತ್ತಿಯಲ್ಲಿ ಒರೆಸುವುದು. ಅದು ಬೇಕೇ ಬೇಕು, ಕೊಳೆ ಹಾಗೇ ಬಿಟ್ಟರೆ ಕಲ್ಲಿನಂತೆ ಗಟ್ಟಿಯಾಗಬಹುದು. ಯಾವ ಮೆಟ್ಟಿಲು ಯಾವಾಗ ಅಂತ ಹೇಳಬೇಕಾದವಳು ನಾನೇ. ತಮಾಷೆಗೆ ಬಂದು ಬೆರಳು ಚುಚ್ಚುವ ನೆಂಟರು ದಯವಿಟ್ಟು ದೂರ ಇರಿ, ಅದರಿಂದ ಭಯ ಇನ್ನೂ ಜಾಸ್ತಿಯಾಗುತ್ತದೆ.