ಉಪ್ಪಿಲ್ಲದ ನೀರಿನ ಹಡಗುಗಳು

ಕಕ್ಕಡದ ಮಳೆ ಹಿಡಿದುಕೊಂಡರೆ ಕೊಡಗಿನ ಸುಂಟಿಕೊಪ್ಪದ ಕಡೆಯ ನಮ್ಮ ತೋಟದ ಮನೆಯಲ್ಲಿ ಸಂಜೆ ಏಳಕ್ಕೇ ರಾತ್ರಿಯಾಗುತ್ತದೆ. ಕರೆಂಟು ಹೋಗಿರುತ್ತದೆ, ಹೆಂಚಿನ ಮೇಲೆ ಬೀಳುವ ಮಳೆಯ ಸದ್ದಿಗೆ ಮಾತೂ ಕೇಳಿಸುವುದಿಲ್ಲ. ಆ ಹೊತ್ತಿನಲ್ಲಿ ನಾನು ಮೊಬೈಲ್ ತೆರೆದು ಅಮೆರಿಕದ ಡುಲೂತ್ ಎಂಬ ಬಂದರನ್ನು ನೋಡುತ್ತೇನೆ. ಅಲ್ಲಿ ಆಗ ಬೆಳಿಗ್ಗೆ ಎಂಟೂವರೆ. ನಕಾಶೆಯ ಮೇಲೆ ಬಾಣದ ಮೊನೆಯಂಥ ಪುಟ್ಟ ಗುರುತೊಂದು ತೀರದತ್ತ ಮೆಲ್ಲನೆ ಸರಿಯುತ್ತಿರುತ್ತದೆ. ಅದು 300 ಮೀಟರಿಗೂ ಉದ್ದದ ಹಡಗು. ಸುತ್ತಲಿನ ನೀರು ಕಡಲಲ್ಲ, ಸುಪೀರಿಯರ್ ಸರೋವರ.

ಏಳನೇ ತರಗತಿಯಲ್ಲಿರುವ ಅಣ್ಣನ ಮಗಳು ಕಳೆದ ಮಳೆಗಾಲದಲ್ಲಿ ಪಕ್ಕದಲ್ಲಿ ಕುಳಿತು ಇದನ್ನು ನೋಡುತ್ತಿದ್ದವಳು ಕೇಳಿದಳು: "ಚಿಕ್ಕಪ್ಪ, ಸರೋವರ ಎನ್ನುತ್ತೀರಿ, ಹಡಗು ಎನ್ನುತ್ತೀರಿ. ಹಾಗಾದರೆ ನಮ್ಮ ಹಾರಂಗಿಯಲ್ಲಿ ಯಾಕೆ ಹಡಗಿಲ್ಲ?"

ಒಳ್ಳೆಯ ಪ್ರಶ್ನೆ. ಉತ್ತರವನ್ನು ಲೆಕ್ಕದಿಂದಲೇ ಆರಂಭಿಸಿದೆವು. ಹಾರಂಗಿ ಜಲಾಶಯ ತುಂಬಿದಾಗ ಅದರಲ್ಲಿ 8.5 ಟಿಎಂಸಿ ನೀರು, ಅಂದರೆ ಸುಮಾರು 0.24 ಘನ ಕಿಲೋಮೀಟರ್. ಸುಪೀರಿಯರ್ ಸರೋವರದಲ್ಲಿರುವುದು ಸುಮಾರು 12,100 ಘನ ಕಿಲೋಮೀಟರ್. ಭಾಗಿಸಿ ನೋಡಿದರೆ ಹಾರಂಗಿಯಂಥ ಐವತ್ತು ಸಾವಿರ ಜಲಾಶಯಗಳು ಅದರಲ್ಲಿ ಅಡಗುತ್ತವೆ. ವಿಸ್ತಾರದಲ್ಲಿ ಆ ಒಂದು ಸರೋವರವೇ ಕೊಡಗಿನ ಇಪ್ಪತ್ತು ಪಟ್ಟು. ಅದರ ಜೊತೆಗೆ ಮಿಷಿಗನ್, ಹ್ಯೂರನ್, ಈರಿ, ಒಂಟಾರಿಯೊ ಸೇರಿದ ಐದೂ ಮಹಾಸರೋವರಗಳನ್ನು ಕೂಡಿಸಿದರೆ ಇಡೀ ಕರ್ನಾಟಕವನ್ನು ಮುಳುಗಿಸಿಯೂ ನೀರಿನ ಹರವು ಉಳಿಯುತ್ತದೆ. ಭೂಮಿಯ ಮೇಲ್ಮೈಯಲ್ಲಿರುವ ದ್ರವರೂಪದ ಸಿಹಿನೀರಿನಲ್ಲಿ ಐದನೇ ಒಂದು ಭಾಗ ಅಲ್ಲಿದೆ. ಹಿಮಯುಗದ ನೀರ್ಗಲ್ಲುಗಳು ನೆಲವನ್ನು ಉತ್ತು ಹಿಂದೆ ಸರಿದಾಗ ಉಳಿದ ಹಳ್ಳಗಳವು.

ನೀರು ಎಷ್ಟಿದ್ದರೂ ಸಾಗಿಸಲು ಸರಕಿಲ್ಲದಿದ್ದರೆ ಹಡಗು ಯಾರಿಗೆ ಬೇಕು? ಸುಪೀರಿಯರ್ ಸರೋವರದ ಪಶ್ಚಿಮಕ್ಕೆ, ಮಿನೆಸೋಟ ರಾಜ್ಯದಲ್ಲಿ, ಮೆಸಾಬಿ ಎಂಬ ಕಬ್ಬಿಣದ ಬೆಟ್ಟಸಾಲು ಇದೆ. ಉಕ್ಕಿನ ಕುಲುಮೆಗಳಿರುವುದು ಕೆಳಗಿನ ಸರೋವರಗಳ ದಂಡೆಯಲ್ಲಿ. ನಡುವಿನ ದಾರಿ ನೀರು. ಎರಡನೇ ಮಹಾಯುದ್ಧ ಮುಗಿಯುವ ಹೊತ್ತಿಗೆ ಮೆಸಾಬಿಯ ಸತ್ವವುಳ್ಳ ಅದಿರು ಕರಗುತ್ತ ಬಂದಿತ್ತು. ಉಳಿದದ್ದು ಟ್ಯಾಕೊನೈಟ್ ಎಂಬ ಗಟ್ಟಿಕಲ್ಲು. ಅದರಲ್ಲಿ ಕಬ್ಬಿಣ ಮೂರನೇ ಒಂದು ಪಾಲಿಗಿಂತ ಕಡಿಮೆ. ಮಿನೆಸೋಟ ವಿಶ್ವವಿದ್ಯಾಲಯದ ಇ. ಡಬ್ಲ್ಯು. ಡೇವಿಸ್ ಹಲವು ದಶಕ ಅದರ ಹಿಂದೆಯೇ ಬಿದ್ದು ದಾರಿ ಕಂಡುಹಿಡಿದರು. ಕಲ್ಲನ್ನು ಹಿಟ್ಟಿನಂತೆ ಅರೆದು, ಕಬ್ಬಿಣದ ಅಂಶವನ್ನು ಅಯಸ್ಕಾಂತದಿಂದ ಸೆಳೆದು, ಜೇಡಿ ಬೆರೆಸಿ ಉಂಡೆ ಕಟ್ಟಿ, ಕುಲುಮೆಯಲ್ಲಿ ಸುಡುವುದು. ಉಂಡೆಯ ಗಾತ್ರ ಒಣಗಿದ ಕಾಫಿ ಹಣ್ಣಿನಷ್ಟು.

ಈ ಕೆಲಸ ನಮಗೆ ಅಪರಿಚಿತವಲ್ಲ. ಕುದುರೆಮುಖದ ಮ್ಯಾಗ್ನೆಟೈಟ್ ಅದಿರೂ ಹೀಗೆಯೇ ಸತ್ವ ಕಡಿಮೆಯದು. ಅದನ್ನೂ ಅರೆದು, ನೀರಿನಲ್ಲಿ ಕಲಸಿ, ಕೊಳವೆಯಲ್ಲಿ ಘಟ್ಟ ಇಳಿಸಿ ಪಣಂಬೂರಿಗೆ ತರುತ್ತಿದ್ದರು. ಅಲ್ಲಿ ಉಂಡೆ ಕಟ್ಟಿ ಹಡಗಿಗೆ ತುಂಬುತ್ತಿದ್ದರು. 2005ರ ಕೊನೆಗೆ ಆ ಗಣಿ ನಿಂತಿತು. ಡುಲೂತಿನ ಹಡಗುಗಳ ಮೇಲೆ ನನ್ನ ಕಣ್ಣು ಮೊದಲು ನೆಟ್ಟದ್ದು ಈ ನಂಟಿನಿಂದಲೇ.

ಅಲ್ಲಿ ಹಡಗು ನೋಡುವುದನ್ನು ಜನ ಹವ್ಯಾಸವಾಗಿ ಮಾಡಿಕೊಂಡಿದ್ದಾರೆ, ನಮ್ಮಲ್ಲಿ ಹಕ್ಕಿ ನೋಡುವವರಿರುವ ಹಾಗೆ. ಡುಲೂತ್ ಬಂದರಿನ ಬಾಯಿಯಲ್ಲಿರುವ ಕಾಲುವೆಯ ಅಗಲ 91 ಮೀಟರ್ ಮಾತ್ರ. ಅದರ ದಂಡೆಯ ಮೇಲೆ ಮಕ್ಕಳು, ಮುದುಕರು ಸಾಲಾಗಿ ನಿಲ್ಲುತ್ತಾರೆ. ಸೇತುವೆಯ ನಡುಭಾಗ ಲಿಫ್ಟಿನಂತೆ ಮೇಲೇರುತ್ತದೆ. ಹಡಗು ಮೂರು ಸಲ ಉದ್ದವಾಗಿ, ಎರಡು ಸಲ ಚಿಕ್ಕದಾಗಿ ಕೂಗುತ್ತದೆ. ಅದು ನಮಸ್ಕಾರ. ಸೇತುವೆಯೂ ಹಾಗೆಯೇ ಕೂಗಿ ಉತ್ತರ ಕೊಡುತ್ತದೆ. ಕ್ಯಾಮೆರಾದ ಮೂಲಕ ಆ ಕೂಗು ನಮ್ಮ ಜಗಲಿಯಲ್ಲಿ ಕೇಳಿಸಿದಾಗಲೆಲ್ಲ ನನಗೆ ರೋಮಾಂಚನವಾಗುತ್ತದೆ.

ಹಕ್ಕಿಯನ್ನು ಕೊಕ್ಕಿನಿಂದ ಗುರುತಿಸುವಂತೆ ಹಡಗನ್ನೂ ಮೈಕಟ್ಟಿನಿಂದ ಗುರುತಿಸಬಹುದು. ಕಡಲಿನಿಂದ ಒಳಗೆ ಬಂದ ಹಡಗನ್ನು ಅಲ್ಲಿಯವರು ‘ಸಾಲ್ಟಿ’ ಎನ್ನುತ್ತಾರೆ, ಉಪ್ಪಿನದು ಎಂಬ ಅರ್ಥದಲ್ಲಿ. ಅದರ ಅಟ್ಟದ (ಡೆಕ್) ಮೇಲೆ ಸಾಮಾನ್ಯವಾಗಿ ಕ್ರೇನುಗಳಿರುತ್ತವೆ, ಮೂತಿ ಚೂಪಾಗಿರುತ್ತದೆ. ಸರೋವರದಲ್ಲೇ ಹುಟ್ಟಿ ಬೆಳೆದದ್ದು ‘ಲೇಕರ್’. ಅದು ಉದ್ದ, ಸಪೂರ, ಮೂತಿ ಮೊಂಡು. ಹಳೆಯ ಲೇಕರುಗಳಲ್ಲಿ ಚಾಲಕನ ಕೋಣೆ ಮುಂತುದಿಯಲ್ಲಿ, ಎಂಜಿನ್ ಹಿಂತುದಿಯಲ್ಲಿ, ನಡುವೆ ಬರೀ ಸರಕಿನ ಹೊಟ್ಟೆ. 1869ರಲ್ಲಿ ಆರ್. ಜೆ. ಹ್ಯಾಕೆಟ್ ಎಂಬ ಹಡಗಿನಿಂದ ಶುರುವಾದ ಈ ಮಾದರಿ ನೂರು ವರ್ಷ ನಡೆಯಿತು. ಅಟ್ಟದ ಮೇಲಿನ ಮುಚ್ಚಳಗಳ ನಡುವಿನ ಅಂತರ ಬಹುಮಟ್ಟಿಗೆ 24 ಅಡಿ. ಯಾಕೆಂದರೆ ಕಟ್ಟೆಯಿಂದ ಅದಿರು ಸುರಿಯುವ ಜಾರುಗಾಲುವೆಗಳು 12 ಅಡಿಗೊಂದರಂತೆ ಇದ್ದವು. ಕಟ್ಟೆಯ ಅಳತೆ ಹಡಗಿನ ಮೈಮೇಲೆ ಹೀಗೆ ಅಚ್ಚಾಗಿದೆ. ಇನ್ನು ಇಳಿಸುವ ವ್ಯವಸ್ಥೆಯನ್ನು ಲೇಕರ್ ಹೊಟ್ಟೆಯಲ್ಲೇ ಹೊತ್ತಿರುತ್ತದೆ. ತಳದ ಕಿಂಡಿಗಳಿಂದ ಉಂಡೆಗಳು ಚಲಿಸುವ ಪಟ್ಟಿಯ ಮೇಲೆ ಬಿದ್ದು, ಮೇಲೇರಿ, 75 ಮೀಟರಿನಷ್ಟು ಉದ್ದದ ತೋಳಿನ ಮೂಲಕ ದಡದ ಮೇಲೆ ರಾಶಿಯಾಗುತ್ತವೆ. ದೊಡ್ಡ ಹಡಗುಗಳು ಗಂಟೆಗೆ ಸುಮಾರು 10 ಸಾವಿರ ಟನ್ ಇಳಿಸಬಲ್ಲವು, ದಡದಲ್ಲಿ ಒಂದು ಕ್ರೇನೂ ಇಲ್ಲದೆ.

ಉಪ್ಪಿನ ವಿಷಯಕ್ಕೆ ಬರೋಣ. ಬಿತ್ತನೆ ಬತ್ತದ ಜೊಳ್ಳು ತೆಗೆಯಲು ಉಪ್ಪುನೀರು ಮಾಡುವವರು ಅದರಲ್ಲಿ ಕೋಳಿಮೊಟ್ಟೆ ಬಿಟ್ಟು ಹದ ನೋಡುತ್ತಾರೆ. ಸಪ್ಪೆ ನೀರಿನಲ್ಲಿ ಮುಳುಗುವ ಮೊಟ್ಟೆ ಉಪ್ಪು ಸಾಕಷ್ಟಾದಾಗ ತೇಲುತ್ತದೆ. ಅಣ್ಣನ ಮಗಳಿಗೆ ನಾನು ಮಾಡಿ ತೋರಿಸಿದ್ದು ಇದನ್ನೇ. ಕಡಲಿನ ನೀರು ಸಿಹಿನೀರಿಗಿಂತ ನೂರಕ್ಕೆ ಎರಡೂವರೆಯಷ್ಟು ಭಾರ. ಹಾಗಾಗಿ ಕಡಲಿನಲ್ಲಿ 8 ಮೀಟರ್ ಮುಳುಗಿ ತೇಲುವ ಹಡಗು ಅದೇ ಹೊರೆಯೊಂದಿಗೆ ಸರೋವರಕ್ಕೆ ಬಂದರೆ ಹೆಚ್ಚುಕಡಿಮೆ 20 ಸೆಂಟಿಮೀಟರ್ ಹೆಚ್ಚು ಇಳಿಯುತ್ತದೆ. ಹಡಗಿನ ಪಕ್ಕದಲ್ಲಿ ಏಣಿಯ ಮೆಟ್ಟಿಲುಗಳಂತೆ ಬರೆದಿರುವ ಗೆರೆಗಳು ಇದಕ್ಕಾಗಿಯೇ. ಉಪ್ಪುನೀರಿಗೆ ಒಂದು ಮಿತಿ, ಸಿಹಿನೀರಿಗೆ ಇನ್ನೊಂದು, ಚಳಿಗಾಲಕ್ಕೆ ಮತ್ತೊಂದು. ಅತಿಭಾರ ಹೇರಿ ನಾವಿಕರನ್ನು ಸಾಯಿಸುತ್ತಿದ್ದ ಕಾಲದಲ್ಲಿ ಬ್ರಿಟನ್ನಿನ ಸಂಸದ ಸ್ಯಾಮ್ಯುಯೆಲ್ ಪ್ಲಿಮ್ಸಾಲ್ ಹೋರಾಡಿ 1876ರಲ್ಲಿ ಹೊರೆಯ ಗೆರೆಯನ್ನು ಕಾನೂನಿಗೆ ತಂದರು. ಅಷ್ಟು ಸರಳವಾದ ಒಂದು ಗೆರೆ ಅಷ್ಟೊಂದು ಜೀವ ಉಳಿಸಿದ್ದನ್ನು ನೆನೆದರೆ ಮನಸ್ಸು ತುಂಬುತ್ತದೆ.

ಸರೋವರದವರಿಗೆ ಒಂದೊಂದು ಅಂಗುಲದ ಆಳವೂ ಲೆಕ್ಕ. ಸಾವಿರ ಅಡಿಯ ಹಡಗು ಒಂದು ಅಂಗುಲ ಹೆಚ್ಚು ಇಳಿಯಬಹುದಾದರೆ ಸುಮಾರು 250 ಟನ್ ಹೆಚ್ಚು ಹೊರುತ್ತದೆ, ಅಂದರೆ ಹತ್ತು ಟನ್ನಿನ 25 ಲಾರಿಗಳ ಹೊರೆ. ಮಳೆ ಕಡಿಮೆಯಾಗಿ ಸರೋವರದ ಮಟ್ಟ ಇಳಿದ ವರ್ಷ ಅಷ್ಟಷ್ಟು ಉಂಡೆಗಳನ್ನು ಕಟ್ಟೆಯಲ್ಲೇ ಬಿಟ್ಟು ಹೊರಡಬೇಕು.

ಉಪ್ಪಿಲ್ಲದ್ದರಿಂದ ಒಂದು ದೊಡ್ಡ ಲಾಭವೂ ಇದೆ. ಉಪ್ಪುನೀರು ವಿದ್ಯುತ್ತನ್ನು ಚೆನ್ನಾಗಿ ಹಾಯಿಸುತ್ತದೆ, ಕ್ಲೋರೈಡ್ ಉಕ್ಕಿನ ಮೈಯನ್ನು ಕೊರೆಯುತ್ತದೆ, ತುಕ್ಕು ಬೇಗ ಹಬ್ಬುತ್ತದೆ. ಕಡಲಿನ ಸರಕು ಹಡಗು ಇಪ್ಪತ್ತೈದು ಮೂವತ್ತು ವರ್ಷಕ್ಕೆ ಗುಜರಿ ಸೇರುತ್ತದೆ. 1906ರಲ್ಲಿ ನೀರಿಗಿಳಿದ ಸೇಂಟ್ ಮೇರಿಸ್ ಚಾಲೆಂಜರ್ ನೂರು ವರ್ಷ ದಾಟಿದ ಮೇಲೂ ಈ ಸರೋವರಗಳಲ್ಲಿ ಸ್ವಂತ ಎಂಜಿನ್ನಿನಿಂದಲೇ ಸಿಮೆಂಟ್ ಹೊತ್ತಿತು.

ಇಷ್ಟಾದರೂ ಹಾರಂಗಿಯ ಪ್ರಶ್ನೆ ಮುಗಿದಿರಲಿಲ್ಲ. "ಸರೋವರಕ್ಕೆ ಹಡಗು ಕಡಲಿನಿಂದ ಹತ್ತಿ ಬಂದದ್ದು ಹೇಗೆ?" ಎಂದಳು. ಸುಪೀರಿಯರ್ ಇರುವುದು ಸಮುದ್ರಮಟ್ಟದಿಂದ 183 ಮೀಟರ್ ಎತ್ತರದಲ್ಲಿ. ಸಂಪಾಜೆ ಘಾಟಿಯನ್ನು ಬಸ್ಸು ಹತ್ತುವಂತೆ ಹಡಗೂ ಹತ್ತಲೇಬೇಕು, ಅದರ ತಿರುವುಗಳೇ ಲಾಕುಗಳು. ಕಡಲಿನಿಂದ ಸುಪೀರಿಯರ್‌ವರೆಗೆ ಇಂಥವು ಹದಿನಾರು. ನಯಾಗರಾ ಜಲಪಾತವನ್ನು ಬಳಸಿ ಹೋಗುವ ವೆಲೆಂಡ್ ಕಾಲುವೆಯಲ್ಲೇ ಎಂಟಿವೆ, ಅವು ಹಡಗನ್ನು ಸುಮಾರು 100 ಮೀಟರ್ ಏರಿಸುತ್ತವೆ.

ಲಾಕ್ ಎಂದರೆ ಎರಡೂ ತುದಿಯಲ್ಲಿ ಬಾಗಿಲಿರುವ ಕಾಂಕ್ರೀಟ್ ತೊಟ್ಟಿ. ಹಡಗು ಒಳಗೆ ಬಂದು ನಿಲ್ಲುತ್ತದೆ, ಹಿಂದಿನ ಬಾಗಿಲು ಮುಚ್ಚುತ್ತದೆ, ತಳದ ತೂಬು ತೆರೆಯುತ್ತದೆ. ಮೇಲಿನ ಸರೋವರದ ನೀರು ತಾನಾಗಿ ಇಳಿದು ತುಂಬುತ್ತದೆ. ಮಟ್ಟ ಸಮವಾದಾಗ ಮುಂದಿನ ಬಾಗಿಲು ತೆರೆಯುತ್ತದೆ. ಪಂಪು ಬೇಕಿಲ್ಲ. ನಮ್ಮ ಕೆರೆಯ ತೂಬನ್ನು ತಿಳಿದವರಿಗೆ ಇದರಲ್ಲಿ ಹೊಸದೇನೂ ಇಲ್ಲ, ಗಾತ್ರ ಒಂದನ್ನು ಬಿಟ್ಟು. ಸುಪೀರಿಯರ್ ಮತ್ತು ಹ್ಯೂರನ್ ನಡುವಿನ ಸೂ ಎಂಬಲ್ಲಿ ಹಡಗುಗಳಿಗೆ ಮೊದಲ ಲಾಕ್ ಆದದ್ದು 1855ರಲ್ಲಿ. ಈಗ ದೊಡ್ಡ ಹಡಗುಗಳು ಹಾಯುವುದು 1968ರ ಪೋ ಲಾಕ್ ಮೂಲಕ: 1,200 ಅಡಿ ಉದ್ದ, 110 ಅಡಿ ಅಗಲ, ಏರಿಳಿತ 21 ಅಡಿ. ಒಮ್ಮೆ ಎತ್ತಲು ಸುಮಾರು 8.3 ಕೋಟಿ ಲೀಟರ್ ನೀರು ಬೇಕು.

ಅದರೊಳಗೆ ನುಗ್ಗುವ ಹಡಗಿನ ಅಗಲ 105 ಅಡಿ. ಎರಡೂ ಬದಿಗೆ ಉಳಿಯುವುದು ತಲಾ ಎರಡೂವರೆ ಅಡಿ. ಹೊರೆ ಹೊತ್ತ ಹಡಗು ಲಾಕಿನ ನೀರಿನ ಅಡ್ಡಕೊಯ್ತದಲ್ಲಿ ದೊಡ್ಡ ಪಾಲನ್ನು ತಾನೇ ತುಂಬಿಕೊಳ್ಳುತ್ತದೆ. ನೂಪುಟ್ಟು ಒತ್ತುವಾಗ ಹಿಟ್ಟು ಕಿಂಡಿಯಿಂದ ಹೊರಬರಲೇಬೇಕಲ್ಲ, ಹಾಗೆ ಮುಂದಿನ ನೀರೆಲ್ಲ ಹಡಗಿನ ಪಕ್ಕದ ಸಂದಿಯಿಂದ, ಅಡಿಯಿಂದ ಹಿಂದಕ್ಕೆ ನುಸುಳಬೇಕು. ಅದಕ್ಕೇ ಹಡಗು ಮನುಷ್ಯನ ನಡಿಗೆಗಿಂತ ಮೆಲ್ಲಗೆ ಒಳಬರುತ್ತದೆ. ಆ ನಿಧಾನದಲ್ಲಿರುವ ಕೌಶಲವನ್ನು ನೋಡಲು ನನಗೆ ಎಂದೂ ಬೇಸರವಾಗಿಲ್ಲ.

ವೆಲೆಂಡ್ ಕಾಲುವೆಯ ಲಾಕುಗಳು ಇದಕ್ಕಿಂತ ಚಿಕ್ಕವು. 740 ಅಡಿಗಿಂತ ಉದ್ದದ ಹಡಗು ಅಲ್ಲಿ ಹಾಯುವುದಿಲ್ಲ. ಆದ್ದರಿಂದ ಸಾವಿರ ಅಡಿಯ ಹದಿಮೂರು ಹಡಗುಗಳು ಪೂರ್ಣರೂಪದಲ್ಲಿ ಕಡಲನ್ನು ಕಂಡಿಲ್ಲ, ಕಾಣುವುದೂ ಇಲ್ಲ. ಆದರೆ ಅವುಗಳಲ್ಲಿ ಮೊದಲನೆಯದಾದ ಸ್ಟುವರ್ಟ್ ಜೆ. ಕಾರ್ಟ್ (1972) ಅರೆಬರೆಯಾಗಿ ಕಡಲಿನಿಂದ ಬಂದದ್ದು. ಅದರ ಮೂತಿ ಮತ್ತು ಬಾಲವನ್ನು ಮಿಸಿಸಿಪ್ಪಿ ರಾಜ್ಯದಲ್ಲಿ ಕಟ್ಟಿ, ಒಂದಕ್ಕೊಂದು ಬೆಸೆದು, ಕುಳ್ಳ ಹಡಗಾಗಿ ಈರಿ ಸರೋವರಕ್ಕೆ ನಡೆಸಿಕೊಂಡು ಬಂದರು. ಅಲ್ಲಿ ನಡುವೆ ಕತ್ತರಿಸಿ, ಅಲ್ಲೇ ಕಟ್ಟಿದ್ದ ಉದ್ದನೆಯ ಹೊಟ್ಟೆಯನ್ನು ಸೇರಿಸಿದರು.

ಇವನ್ನೆಲ್ಲ ಕೊಡಗಿನಿಂದ ನೋಡುವುದು ಹೇಗೆ? ದೊಡ್ಡ ಹಡಗುಗಳು ಎಐಎಸ್ ಎಂಬ ರೇಡಿಯೊ ಸಂಕೇತವನ್ನು ಸದಾ ಬಿತ್ತುತ್ತಿರುತ್ತವೆ. ಚಲಿಸುವಾಗ 2ರಿಂದ 10 ಸೆಕೆಂಡಿಗೊಮ್ಮೆ ತನ್ನ ಗುರುತಿನ ಒಂಬತ್ತಂಕಿಯ ಸಂಖ್ಯೆ, ಸ್ಥಾನ, ವೇಗ, ದಿಕ್ಕು. ಹಡಗುಗಳು ಒಂದಕ್ಕೊಂದು ಡಿಕ್ಕಿಯಾಗದಿರಲೆಂದು ಮಾಡಿದ ಏರ್ಪಾಡು ಇದು. ಆ ತರಂಗ ನೇರ ಗೆರೆಯಲ್ಲಿ ಹೋಗುತ್ತದೆ, ಬೆಟ್ಟದ ಮರೆಯಲ್ಲಿ ನಮ್ಮ ಮೊಬೈಲ್ ಸಿಗ್ನಲ್ ಸಾಯುವಂತೆ ದೂರ ಹೋದರೆ ಸಾಯುತ್ತದೆ. ದಡದ ಆಂಟೆನಾಗಳು ಹಿಡಿದು ಇಂಟರ್ನೆಟ್ಟಿಗೆ ಕೊಡುತ್ತವೆ. ಸಂಖ್ಯೆ 419ರಿಂದ ಶುರುವಾದರೆ ಭಾರತದ್ದು, 316 ಕೆನಡದ್ದು. ಒಂದು ಎಚ್ಚರಿಕೆ: ಸ್ಥಾನ, ವೇಗಗಳನ್ನು ಉಪಕರಣ ಕೊಡುತ್ತದೆ. ಹೋಗುವ ಊರು, ಮುಳುಗಿರುವ ಆಳಗಳನ್ನು ಸಿಬ್ಬಂದಿ ಕೈಯಾರೆ ತುಂಬುತ್ತಾರೆ, ಆದ್ದರಿಂದ ಅವು ಹಳೆಯದಾಗಿರಬಹುದು. ಅದೇ ನಕಾಶೆಯನ್ನು ಪಣಂಬೂರಿಗೆ ಸರಿಸಿದರೆ ನಮ್ಮ ಬಂದರಿನ ಹಡಗುಗಳೂ ಸಿಗುತ್ತವೆ. ದೀಪಾವಳಿ ರಜೆಯಲ್ಲಿ ಅವಳನ್ನು ಅಲ್ಲಿಯ ಕಡಲ ತೀರಕ್ಕೆ ಕರೆದುಕೊಂಡು ಹೋದೆ. ದೂರದಲ್ಲಿ ಲಂಗರು ಹಾಕಿದ್ದ ಹಡಗಿನ ಕೆಂಪು ಹೊಟ್ಟೆ ನೀರಿನ ಮೇಲೆ ಎತ್ತರಕ್ಕೆ ಕಾಣುತ್ತಿತ್ತು. "ಖಾಲಿ ಇದೆ, ಚಿಕ್ಕಪ್ಪ" ಎಂದು ಅವಳೇ ಹೇಳಿದಳು.

ನವೆಂಬರ್ ಬಂದರೆ ನಾನು ನಕಾಶೆಯನ್ನು ಆತಂಕದಿಂದಲೇ ನೋಡುತ್ತೇನೆ. ಬೇಸಿಗೆಯ ಬಿಸಿಯನ್ನು ಇನ್ನೂ ಉಳಿಸಿಕೊಂಡ ನೀರಿನ ಮೇಲೆ ಉತ್ತರದ ಶೀತಗಾಳಿ ಎರಗಿ ಬಿರುಗಾಳಿಗಳು ಬಲಿಯುತ್ತವೆ. ಸರೋವರದ ಅಲೆಗಳು ಮಹಾಸಾಗರದ ಅಲೆಗಳಂತೆ ಉದ್ದಕ್ಕೆ ಉರುಳುವುದಿಲ್ಲ. ಕಡಿದಾಗಿ, ಒತ್ತೊತ್ತಾಗಿ ಬರುತ್ತವೆ. 1975ರ ನವೆಂಬರ್ 10ರ ರಾತ್ರಿ ಎಡ್ಮಂಡ್ ಫಿಟ್ಜೆರಾಲ್ಡ್ ಎಂಬ 729 ಅಡಿಯ ಹಡಗು 26 ಸಾವಿರ ಟನ್ ಉಂಡೆಗಳೊಂದಿಗೆ ಸುಪೀರಿಯರ್‌ನಲ್ಲಿ ಮುಳುಗಿತು. 29 ಜನರಲ್ಲಿ ಒಬ್ಬರೂ ಉಳಿಯಲಿಲ್ಲ. ಅಪಾಯದ ಕರೆಯೂ ಬರಲಿಲ್ಲ. ಮುಳುಗಿದ ಜಾಗದ ಆಳ 530 ಅಡಿ, ಹಡಗಿನ ಉದ್ದಕ್ಕಿಂತ ಕಡಿಮೆ. ಮುಚ್ಚಳಗಳಿಂದ ನೀರು ನುಗ್ಗಿತೋ, ಮೊದಲೇ ತಳ ಬಂಡೆಗೆ ತಾಗಿತ್ತೋ ಎಂಬ ವಾದ ಇಂದಿಗೂ ಮುಗಿದಿಲ್ಲ. ಸಿಹಿನೀರು ಎಂದ ಮಾತ್ರಕ್ಕೆ ಅದು ಸೌಮ್ಯವೆಂದು ಭಾವಿಸುವವರಿಗೆ, ಆಷಾಢದ ಕಾವೇರಿಯನ್ನು ನೋಡಿದ ನಾವು ಹೇಳಬೇಕಾದದ್ದು ಬಹಳ ಇದೆ.

ಜನವರಿ 15ರ ಸುಮಾರಿಗೆ ಸೂ ಲಾಕುಗಳು ಮುಚ್ಚುತ್ತವೆ. ನೀರು 4 ಡಿಗ್ರಿ ಸೆಲ್ಸಿಯಸ್‌ನಲ್ಲಿ ಅತ್ಯಂತ ಭಾರ. ತಣ್ಣಗಾದ ಮೇಲ್ನೀರು ಮುಳುಗುತ್ತ, ಕೆಳಗಿನದು ಏಳುತ್ತ, ಅಷ್ಟು ಆಳದ ನೀರೆಲ್ಲ ಆ ಮಟ್ಟಕ್ಕೆ ಇಳಿಯುವವರೆಗೆ ಮೇಲ್ಮೈ ಹೆಪ್ಪುಗಟ್ಟುವುದಿಲ್ಲ. ಅದಕ್ಕೇ ಸುಪೀರಿಯರ್ ಅಷ್ಟು ತಡವಾಗಿ ಮಂಜಾಗುತ್ತದೆ. ಆಗ ಹಡಗುಗಳು ಕಟ್ಟೆಗೆ ಕಟ್ಟಿಕೊಂಡು ದುರಸ್ತಿ ಮಾಡಿಸಿಕೊಳ್ಳುತ್ತವೆ, ನಕಾಶೆಯ ಗುರುತುಗಳು ಅಲುಗಾಡುವುದಿಲ್ಲ. ಇಲ್ಲಿ ನಮಗೂ ರೋಬಸ್ಟಾ ಕೊಯ್ಲು, ಕಣದಲ್ಲಿ ಕಾಫಿ ಒಣಗಿಸುವ ಕೆಲಸ, ಮೊಬೈಲ್ ಹಿಡಿಯಲು ಪುರುಸೊತ್ತಿಲ್ಲ.

ಸಾಮಾನ್ಯವಾಗಿ ಮಾರ್ಚ್ 25ರಂದು ಮಧ್ಯರಾತ್ರಿ ಕಳೆದೊಡನೆ ಲಾಕ್ ತೆರೆಯುತ್ತದೆ. ನಮಗೆ ಆಗ ಬೆಳಗಿನ ಒಂಬತ್ತೂವರೆ. ಹೂಮಳೆ ಬಿದ್ದಿದ್ದರೆ ತೋಟವೆಲ್ಲ ಬೆಳ್ಳಗಿರುತ್ತದೆ. ಈ ಸಲ ಶಾಲೆಗೆ ರಜೆಯೋ ಅಲ್ಲವೋ ಎಂದು ಅಣ್ಣನ ಮಗಳು ಈಗಲೇ ಕ್ಯಾಲೆಂಡರ್ ನೋಡಿಟ್ಟುಕೊಂಡಿದ್ದಾಳೆ. ಮಂಜು ಒಡೆಯುತ್ತ ಮೊದಲು ಒಳಬರುವ ಹಡಗು ಯಾವುದೆಂದು ಅವಳಿಗೆ ತಿಳಿಯಬೇಕು.